ಬ್ಯಾಥಿಪ್ಟೆರೋಯಿಸ್ ಗ್ರಲೇಟರ್: ಆಳಗಡಲ ಮೀನಿನ ಹೆಸರನ್ನು ನಾವು ಬಿಡಿಸಿದ ಬಗೆ

ನಾನು ಕೋಲಾರದ ಒಂದು ಪಿಯು ಕಾಲೇಜಿನಲ್ಲಿ ಜೀವಶಾಸ್ತ್ರ ಹೇಳಿಕೊಡುತ್ತೇನೆ. ಭಾನುವಾರ ಬೆಳಿಗ್ಗೆ ಕನ್ನಡ ಮಾಧ್ಯಮದ ಹೈಸ್ಕೂಲು ಮಕ್ಕಳು ಒಂದಷ್ಟು ಜನ ಬರುತ್ತಾರೆ. ಈ ಸಲದ ವಿಜ್ಞಾನ ವಸ್ತುಪ್ರದರ್ಶನಕ್ಕೆ ಆಳಗಡಲ ಮೀನುಗಳ ಚಾರ್ಟ್ ಮಾಡೋಣ ಎಂದು ಅವರೇ ಹಟ ಹಿಡಿದರು. ಫೋನಿನಲ್ಲಿ ನೋಡಿದ ವಿಡಿಯೊಗಳ ಪ್ರಭಾವ. ಕೋಲಾರಕ್ಕೂ ಕಡಲಿಗೂ ಏನು ಸಂಬಂಧ ಎಂದು ಸ್ಟಾಫ್ ರೂಮಿನಲ್ಲಿ ಒಂದಿಬ್ಬರು ನಕ್ಕರು. ನಗಲಿ ಬಿಡಿ.

ಚಿತ್ರ ಬಿಡಿಸುವವರಿಗೆ ಕೊರತೆ ಇರಲಿಲ್ಲ. ಕೆಲಸ ನಿಂತದ್ದು ಚಿತ್ರದ ಕೆಳಗೆ ಹೆಸರು ಬರೆಯುವಾಗ. ಬಂಗುಡೆ, ಬೂತಾಯಿ, ಅಂಜಲ್ ಅಂದರೆ ಕನ್ನಡದಲ್ಲಿ ಎಲ್ಲರಿಗೂ ಗೊತ್ತು. ಎರಡು ಸಾವಿರ ಮೀಟರ್ ಕೆಳಗಿರುವ ಮೀನಿಗೆ ನಮ್ಮ ಕರಾವಳಿಯವರೂ ಹೆಸರು ಇಟ್ಟಿಲ್ಲ. ಅದು ಯಾರ ಬಲೆಗೂ ಬಿದ್ದಿಲ್ಲ, ಯಾರ ಸಾರಿಗೂ ಬಿದ್ದಿಲ್ಲ. ಹಾಗಾಗಿ ಅಂಥ ಮೀನಿಗೆ ವೈಜ್ಞಾನಿಕ ಹೆಸರೇ ದಿನಬಳಕೆಯ ಹೆಸರು. ಅದನ್ನು ಬಾಯಿಪಾಠ ಮಾಡಿಸುವ ಬದಲು ಬಿಡಿಸಿ ನೋಡೋಣ ಎಂದುಕೊಂಡೆವು.

ಮೊದಲು ಎತ್ತಿಕೊಂಡದ್ದು ಬ್ಯಾಥಿಪ್ಟೆರೋಯಿಸ್ ಗ್ರಲೇಟರ್. ಹೆಸರು ಕೇಳಿದ ಕೂಡಲೇ ಹುಡುಗರು ಗೊಳ್ಳೆಂದರು. ನಾನು ಬೋರ್ಡಿನ ಮೇಲೆ ಹೆಲಿಕಾಪ್ಟರ್ ಎಂದು ಬರೆದೆ. ಹೆಲಿಕೋ ಅಂದರೆ ಸುರುಳಿ, ಪ್ಟೆರಾನ್ ಅಂದರೆ ರೆಕ್ಕೆ, ಎರಡೂ ಗ್ರೀಕ್. ಅದೇ ಪ್ಟೆರಾನ್ ನಮ್ಮ ಮೀನಿನ ಹೆಸರಿನ ನಡುವೆ ಕೂತಿದೆ. ಮುಂದಿರುವ ಬ್ಯಾಥಿ ಅಂದರೆ ಆಳ. ಪ್ಟೆರೋಯಿಸ್ ಎಂಬ ಹೆಸರಿನ ಬೇರೆ ಮೀನೇ ಇದೆ, ರೆಕ್ಕೆ ಬಿಚ್ಚಿದ ಹಾಗೆ ಈಜುತ್ತದೆ, ಅಕ್ವೇರಿಯಂಗಳಲ್ಲಿ ಲಯನ್ ಫಿಶ್ ಎಂದು ತೋರಿಸುತ್ತಾರೆ. ಆಳದಲ್ಲಿರುವ, ಉದ್ದ ರೆಕ್ಕೆಯ ಮೀನು ಎನ್ನುವಷ್ಟು ಅರ್ಥ ಮೊದಲ ಪದದಲ್ಲೇ ಸಿಕ್ಕಿತು. ಈ ಮೊದಲ ಪದ ಕುಲದ, ಅಂದರೆ ಹತ್ತಿರದ ಪ್ರಭೇದಗಳ ಗುಂಪಿನ ಹೆಸರು. ಅದನ್ನು ಇಟ್ಟವರು ಪ್ರಾಣಿಶಾಸ್ತ್ರಜ್ಞ ಗುಂಥರ್, 1878ರಲ್ಲಿ.

ಇನ್ನು ಗ್ರಲೇಟರ್, ಪ್ರಭೇದದ ಹೆಸರು. ಇದು ಲ್ಯಾಟಿನ್. ಮರಗಾಲು ಕಟ್ಟಿಕೊಂಡು ನಡೆಯುವವನು ಎಂದು ಅರ್ಥ. ಮರಗಾಲು ಕುಣಿತವನ್ನು ಜಾತ್ರೆಯಲ್ಲಿ ನೋಡಿದ ಮಕ್ಕಳಿಗೆ ಇನ್ನೇನೂ ಹೇಳಬೇಕಾಗಲಿಲ್ಲ. ಈ ಮೀನಿನ ಮೈ ಸುಮಾರು ಒಂದು ಅಡಿ ಉದ್ದ. ಹೊಟ್ಟೆಯ ಕೆಳಗಿನ ಎರಡು ಈಜುರೆಕ್ಕೆಗಳಿಂದ ಒಂದೊಂದು ಕಡ್ಡಿ, ಬಾಲದ ಕೆಳಭಾಗದಿಂದ ಇನ್ನೊಂದು ಕಡ್ಡಿ ಹೊರಟಿರುತ್ತದೆ. ಅವು ಒಂದು ಮೀಟರ್ ತನಕ ಬೆಳೆಯಬಲ್ಲವು. ಈ ಮೂರರ ಮೇಲೆ ಮೀನು ಕಡಲ ತಳದ ಕೆಸರಿನಲ್ಲಿ ನೀರಿನ ಹರಿವಿಗೆ ಮುಖ ಕೊಟ್ಟು ನಿಂತುಬಿಡುತ್ತದೆ. ಕಣ್ಣು ತೀರಾ ಚಿಕ್ಕದು, ಇದ್ದೂ ಇಲ್ಲದ ಹಾಗೆ. ಅದರ ಬದಲು ಎದೆಯ ಪಕ್ಕದ ರೆಕ್ಕೆಗಳನ್ನು ಮುಂದಕ್ಕೆ ಚಾಚಿ, ಹರಿದು ಬರುವ ಸಣ್ಣ ಸಿಗಡಿಯಂಥ ಜೀವಿಗಳನ್ನು ತಡವಿ ಹಿಡಿಯುತ್ತದೆ. ಇರುವುದು ಸುಮಾರು 900 ಮೀಟರಿನಿಂದ 4,700 ಮೀಟರ್ ಆಳದವರೆಗೆ.

ಆಳವನ್ನು ಹೇಗೆ ಹೇಳುವುದು? ನಮ್ಮ ಜಿಲ್ಲೆಯ ಮಕ್ಕಳಿಗೆ ಅದು ಕಷ್ಟವಲ್ಲ. ಕೆಜಿಎಫ್‌ನ ಚಾಂಪಿಯನ್ ರೀಫ್ ಗಣಿ 3,000 ಮೀಟರಿಗೂ ಕೆಳಗೆ ಇಳಿದಿತ್ತು, 2001ರಲ್ಲಿ ಮುಚ್ಚಿತು. ಕೆಲವರ ತಾತಂದಿರು ಅದರೊಳಗೆ ಇಳಿದು ದುಡಿದವರು. ಆ ಬಾವಿಯ ತುಂಬ ಕಡಲ ನೀರು ತುಂಬಿ, ತಳದಲ್ಲಿ ಈ ಮೀನು ನಿಂತಿದೆ ಅಂದುಕೊಳ್ಳಿ ಎಂದೆ. ಹತ್ತು ಮೀಟರಿಗೆ ಒಂದರಂತೆ ಗಾಳಿಯ ಒತ್ತಡದ ಲೆಕ್ಕ ಹಾಕಿಸಿದೆ. ತಳದಲ್ಲಿ ಮುನ್ನೂರು ಪಟ್ಟು ದಾಟಿತು. "ಸಾರ್, ನಮ್ಮ ತಾತ ಗಣಿ ಒಳಗೆ ಬಿಸಿಯೋ ಬಿಸಿ ಅಂತಿದ್ರು" ಅಂದಳು ಒಬ್ಬಳು. ಕಡಲ ತಳ ಹಾಗಲ್ಲಮ್ಮ, ಅಲ್ಲಿ ಫ್ರಿಜ್‌ನೊಳಗಿನಷ್ಟು ಚಳಿ ಎಂದೆ.

ನನಗೆ ತುಂಬಾ ಹಿಡಿಸಿದ ಸಂಗತಿ ಇನ್ನೊಂದಿದೆ. 1886ರಲ್ಲಿ ಗ್ರಲೇಟರ್ ಎಂದು ಹೆಸರಿಟ್ಟ ಅಮೆರಿಕದ ಗುಡ್ ಮತ್ತು ಬೀನ್ ಈ ಮೀನು ನಿಂತದ್ದನ್ನು ನೋಡಿರಲೇ ಇಲ್ಲ. ಅವರ ಮುಂದೆ ಇದ್ದದ್ದು ಕಡಲಾಳದಿಂದ ಎಳೆದು ತಂದ ಸತ್ತ ಮೀನು. ಉದ್ದುದ್ದ ಕಡ್ಡಿ ನೋಡಿ ಊಹಿಸಿದರು, ಅಷ್ಟೇ. ಈ ಬಗೆಯ ಮೀನು ನಿಜವಾಗಿ ತಳದ ಮೇಲೆ ನಿಲ್ಲುವುದನ್ನು ಮನುಷ್ಯರು ಕಂಡದ್ದು 20ನೇ ಶತಮಾನದಲ್ಲಿ, ಆಳಕ್ಕೆ ಇಳಿಯುವ ವಾಹನಗಳು ಬಂದ ಮೇಲೆ. ಊಹೆ ಸರಿಯಾಗಿತ್ತು.

ಎಲ್ಲ ಸಲ ಹೀಗೆ ಆಗುವುದಿಲ್ಲ. ಮ್ಯಾಕ್ರೋಪಿನ್ನಾ ಮೈಕ್ರೋಸ್ಟೋಮಾ ಎಂಬ ಮೀನನ್ನು ನೋಡಿ. ಮ್ಯಾಕ್ರೋ ದೊಡ್ಡದು, ಪಿನ್ನಾ ಈಜುರೆಕ್ಕೆ. ಮೈಕ್ರೋ ಚಿಕ್ಕದು, ಸ್ಟೋಮಾ ಬಾಯಿ. ದೊಡ್ಡ ರೆಕ್ಕೆಯ, ಚಿಕ್ಕ ಬಾಯಿಯ ಮೀನು. 1939ರಲ್ಲಿ ಚಾಪ್ಮನ್ ಇಟ್ಟ ಹೆಸರು. ಆದರೆ ಈ ಮೀನಿನ ವಿಶೇಷ ರೆಕ್ಕೆಯೂ ಅಲ್ಲ, ಬಾಯಿಯೂ ಅಲ್ಲ. ಇದರ ತಲೆ ಗಾಜಿನಷ್ಟು ಪಾರದರ್ಶಕ! ಆ ಗುಮ್ಮಟದೊಳಗೆ ಎರಡು ಹಸಿರು ಕೊಳವೆ ಕಣ್ಣು, ಮೇಲಕ್ಕೂ ಮುಂದಕ್ಕೂ ತಿರುಗುತ್ತವೆ. ಬಲೆಯಲ್ಲಿ ಮೇಲೆ ಬರುವಷ್ಟರಲ್ಲಿ ಗುಮ್ಮಟ ಹರಿದುಹೋಗುತ್ತಿತ್ತು. ಹಾಗಾಗಿ ಹೆಸರಿಟ್ಟವರಿಗೆ ಅದು ಕಾಣಲೇ ಇಲ್ಲ. ಕ್ಯಾಲಿಫೋರ್ನಿಯಾದ ಮಾಂಟೆರೆ ಕೊಲ್ಲಿಯ ಸಂಶೋಧಕರು ನೀರಿನೊಳಗಿನ ಕ್ಯಾಮೆರಾದಲ್ಲಿ ನೋಡಿ 2008ರಲ್ಲಿ ಬರೆದ ಮೇಲೆಯೇ ಇಡೀ ತಲೆಯ ಕತೆ ತಿಳಿದದ್ದು. ಹೆಸರು ಮಾತ್ರ ಇವತ್ತಿಗೂ ಚಿಕ್ಕ ಬಾಯಿಯದ್ದೇ. ಅರ್ಥ ಹೊಂದುತ್ತಿಲ್ಲ ಎಂದು ಹೆಸರು ಬದಲಿಸುವ ಹಾಗಿಲ್ಲ, ಅದು ನಿಯಮ.

ಬ್ಲಾಬ್‌ಫಿಶ್ ಎಂದು ಫೋಟೊ ಓಡಾಡುತ್ತದಲ್ವಾ, ಜೋಲುಮೂಗಿನ ಮುದ್ದೆ? ಆ ಕುಲದ ಹೆಸರು ಸೈಕ್ರೊಲ್ಯೂಟೀಸ್, ತಣ್ಣೀರು ಸ್ನಾನದವನು. ಆ ಕುಲದ ಒಂದು ಪ್ರಭೇದಕ್ಕೆ ಮಾರ್ಸಿಡಸ್ ಎಂದು ಹೆಸರು. ಅಂದರೆ ಬಾಡಿದ್ದು, ಜೋತುಬಿದ್ದದ್ದು. ತಣ್ಣೀರಿನ ಮಾತು ಸರಿ. ಬಾಡಿದ್ದು ಎನ್ನುವುದು ಮೇಲಕ್ಕೆ ತಂದ ಮೀನಿಗೆ ಒಪ್ಪುವ ಮಾತು. ಅದರ ಜಾಗದಲ್ಲಿ, ಒತ್ತಡದ ನಡುವೆ, ಅದು ಸಾಮಾನ್ಯ ಮೀನಿನ ಹಾಗೇ ಇರುತ್ತದೆ. 2013ರಲ್ಲಿ ಅದಕ್ಕೆ ಜಗತ್ತಿನ ಅತಿ ಕುರೂಪಿ ಪ್ರಾಣಿ ಎಂಬ ಬಿರುದು ಕೊಟ್ಟರು. ನನಗೇನೋ ಅದು ಅನ್ಯಾಯ ಅನ್ನಿಸುತ್ತದೆ.

ಹೀಗಾಗಿ ಚಾರ್ಟಿನಲ್ಲಿ ಪ್ರತಿ ಮೀನಿನ ಕೆಳಗೆ ಎರಡು ಸಾಲು ಬಿಟ್ಟೆವು. ಒಂದು, ಹೆಸರು ಏನು ಹೇಳುತ್ತದೆ. ಇನ್ನೊಂದು, ಮೀನು ನಿಜಕ್ಕೂ ಹೇಗಿದೆ. ಹೆಸರಿನ ಅರ್ಥದಲ್ಲಿ ಸಿಗುವುದು ಹೆಸರಿಟ್ಟವರ ಮುಂದೆ ಆ ದಿನ ಏನಿತ್ತು ಎನ್ನುವ ಮಾಹಿತಿ. ಮೀನಿನ ಬಗ್ಗೆ ಬೇಕಾದ್ದನ್ನು ಬೇರೆ ಕಡೆಯಿಂದಲೇ ತರಬೇಕು. ಮೆಲನೋಸೀಟಸ್ ಎಂದರೆ ಕರಿ ತಿಮಿಂಗಿಲ. ಆದರೆ ಮೆಲನೋಸೀಟಸ್ ಜಾನ್ಸೋನಿಯ ಹೆಣ್ಣು ಒಂದು ಗೇಣೂ ಇಲ್ಲ, ಗಂಡು ಬೆರಳಿನ ಅರ್ಧದಷ್ಟು. ಬ್ಯಾಥಿಸಾರಸ್ ಅಂದರೆ ಆಳದ ಹಲ್ಲಿ, ಬ್ಯಾಥಿಲೇಗಸ್ ಅಂದರೆ ಆಳದ ಮೊಲ. ಆರ್ಗೈರೋಪೆಲಿಕಸ್ ಮಾತ್ರ ಹೆಸರಿಗೆ ತಕ್ಕ ಹಾಗೆ ಬೆಳ್ಳಿ ಕೊಡಲಿಯೇ. ಚಪ್ಪಟೆ ಮೈ, ಫಳಫಳ ಹೊಳಪು.

ಮನುಷ್ಯರ ಹೆಸರು ಬಂದರೆ ಬಿಡಿಸುವ ಕೆಲಸ ಇಲ್ಲ, ಕೊನೆಯ ಅಕ್ಷರ ನೋಡಿದರೆ ಸಾಕು. ಗಂಡಸಿನ ಹೆಸರಾದರೆ ಸಾಮಾನ್ಯವಾಗಿ ಇಕಾರದಲ್ಲಿ ಮುಗಿಯುತ್ತದೆ. ಜಾನ್ಸೋನಿಯಲ್ಲಿ ಇರುವವರು ಮಡೀರಾ ದ್ವೀಪದಲ್ಲಿದ್ದ ಜಾನ್ಸನ್. ಸ್ಯೂಡೋಲಿಪಾರಿಸ್ ಸ್ವೈರಿಯಲ್ಲಿ ಇರುವವರು 1872ರಿಂದ 76ರವರೆಗೆ ಕಡಲು ಸುತ್ತಿದ ಚಾಲೆಂಜರ್ ಹಡಗಿನ ಯುವ ಅಧಿಕಾರಿ ಸ್ವೈರ್. ಮರಿಯಾನಾ ಕಂದಕದಲ್ಲಿ 7,000 ಮೀಟರಿಗೂ ಕೆಳಗಿರುವ ಆ ಮೀನಿಗೆ ಹೆಸರು ಬಂದದ್ದು 2017ರಲ್ಲಿ. ಲ್ಯಾಟಿಮೇರಿಯಾ ಚಲುಮ್ನೆ ಸ್ವಲ್ಪ ಬೇರೆ ತರಹ. ಕುಲದ ಹೆಸರಿನಲ್ಲಿ ದಕ್ಷಿಣ ಆಫ್ರಿಕಾದ ಮ್ಯೂಸಿಯಂನ ಮಾರ್ಜರಿ ಕೋರ್ಟ್ನಿ-ಲ್ಯಾಟಿಮರ್ ಇದ್ದಾರೆ. 1938ರಲ್ಲಿ ಮೀನುಗಾರರ ರಾಶಿಯಲ್ಲಿ ಆ ಮೀನನ್ನು ಗುರುತಿಸಿದವರು ಅವರೇ. ಪ್ರಭೇದದ ಹೆಸರಿನಲ್ಲಿ ಇರುವುದು ಅಲ್ಲಿನ ಚಲುಮ್ನಾ ನದಿ.

ನಮ್ಮ ಕಡಲಿನ ಮೀನು ಒಂದೂ ಇಲ್ವಾ ಸಾರ್ ಎಂದು ಮಕ್ಕಳು ಕೇಳಿದರು. ಇವೆ, ಜಾಸ್ತಿಯೇ ಇವೆ. ಬ್ರಿಟಿಷರ ಕಾಲದ ಇನ್ವೆಸ್ಟಿಗೇಟರ್ ಹಡಗು ಬಂಗಾಳ ಕೊಲ್ಲಿ, ಅರಬ್ಬೀ ಸಮುದ್ರಗಳ ಆಳ ಜಾಲಾಡಿತು. ಅದರ ವೈದ್ಯರಾಗಿದ್ದ ಆಲ್ಕಾಕ್ ಹತ್ತಾರು ಮೀನಿಗೆ ಹೆಸರಿಟ್ಟರು. ಅವರು 1894ರಲ್ಲಿ ಇಟ್ಟ ಕ್ಯಾಸ್ಕನಾಪ್ಸೆಟಾ ಲುಗುಬ್ರಿಸ್ ಎಂಬ ಹೆಸರನ್ನು ನಮ್ಮ ಹುಡುಗರು ಬಿಡಲೇ ಇಲ್ಲ. ಬಾಯಿ ತೆರೆದುಕೊಂಡ ಚಪ್ಪಟೆ ಮೀನು, ಅದೂ ಅಳುಮೋರೆಯದ್ದು! ಕ್ಲಾಸಿನಲ್ಲಿ ಆಕಳಿಸುವ ಒಬ್ಬನಿಗೆ ಈಗ ಅದೇ ಅಡ್ಡಹೆಸರು.

ಇದರ ಜೊತೆಗೆ ನಮ್ಮೂರ ಕೆರೆಯ ಮೀನೂ ಚಾರ್ಟಿನ ಮೂಲೆಯಲ್ಲಿ ಸೇರಿತು. ರೋಹು, ಅಂದರೆ ಲೇಬಿಯೋ ರೋಹಿಟಾ. ಆ ರೋಹಿಟಾ ಎಂಬ ಹೆಸರನ್ನು 1822ರಲ್ಲಿ ಕೊಟ್ಟ ಹ್ಯಾಮಿಲ್ಟನ್, ಅದಕ್ಕೂ ಮೊದಲು ಬುಕಾನನ್ ಎಂಬ ಹೆಸರಿನಲ್ಲಿ 1800ರ ಸುಮಾರಿಗೆ ಮೈಸೂರು ಸೀಮೆ ಸುತ್ತುತ್ತಾ ಕೋಲಾರಕ್ಕೂ ಬಂದಿದ್ದವರು. ಆಳಗಡಲಿಗೆ ಸಂಬಂಧ ಇಲ್ಲ ನಿಜ. ಬಿಟ್ಟುಬಿಡಲು ಮನಸ್ಸಾಗಲಿಲ್ಲ.

ಕನ್ನಡದಲ್ಲಿ ಬರೆಯುವಾಗ ಕೆಲವು ವಿಷಯ ನಾವೇ ತೀರ್ಮಾನ ಮಾಡಿಕೊಳ್ಳಬೇಕಾಯಿತು. ನಮ್ಮ ಲಿಪಿಯಲ್ಲಿ ದೊಡ್ಡಕ್ಷರ, ಚಿಕ್ಕಕ್ಷರ ಇಲ್ಲ. ಕುಲದ ಹೆಸರಿಗೆ ದೊಡ್ಡಕ್ಷರ, ಪ್ರಭೇದಕ್ಕೆ ಚಿಕ್ಕಕ್ಷರ ಎನ್ನುವ ನಿಯಮ ಇಲ್ಲಿ ಕಾಣಿಸುವುದೇ ಇಲ್ಲ. ಹಾಗಾಗಿ ಎರಡೂ ಪದದ ಕೆಳಗೆ ಗೆರೆ ಎಳೆಸಿದೆ, ಕೈಬರಹದಲ್ಲಿ ಓರೆ ಅಕ್ಷರದ ಬದಲು ಅದೇ ರೂಢಿ. ಗ್ರೀಕ್ ಮೂಲದ ಸಿ-ಎಚ್ ಜೋಡಿಯನ್ನು ಕಕಾರವಾಗಿ ಓದಿದೆವು. ಹಾಗಾಗಿ ಚಾಚಿದ ಹಲ್ಲಿನ ಕಾಲಿಯೋಡಸ್, ಚಾಲಿಯೋಡಸ್ ಅಲ್ಲ. ಚಲುಮ್ನಾ ನದಿಯ ಹೆಸರಾದ್ದರಿಂದ ಅದನ್ನು ಮುಟ್ಟಲಿಲ್ಲ. ಜಾತಿ ಎಂಬ ಪದ ಬಿಟ್ಟು ಕುಲ ಎಂದೇ ಬರೆದೆವು. ಮೀನಿಗೆ ಯಾವ ಜಾತಿ ಎಂದರೆ ಪ್ರದರ್ಶನಕ್ಕೆ ಬಂದ ದೊಡ್ಡವರೂ ಮುಸಿಮುಸಿ ನಗುತ್ತಾರೆ.

ಹೆಸರು ಮೊಟಕು ಮಾಡುವುದನ್ನು ಆಳಗಡಲ ಮೀನಿಗೆ ಮಾಡಬೇಡಿ ಎಂದೇ ಹೇಳುತ್ತೇನೆ. ಮೊದಲ ಸಲ ಪೂರ್ತಿ ಬರೆದು ಆಮೇಲೆ 'ಬಿ. ಗ್ರಲೇಟರ್' ಎನ್ನಬಹುದು, ನಿಯಮಕ್ಕೆ ಅಡ್ಡಿ ಇಲ್ಲ. ಆದರೆ ಅದೇ ಪುಟದಲ್ಲಿ ಬ್ಯಾಥಿಸಾರಸ್, ಬ್ಯಾಥಿಲೇಗಸ್ ಇದ್ದರೆ ಬಿ ಯಾರು? ಪೂರ್ತಿ ಬರೆದರೆ ಹೋಗುವುದು ಒಂದಿಷ್ಟು ಇಂಕು, ಅಷ್ಟೇ.

ಹುಡುಕುವಾಗ ಇನ್ನೊಂದು ಎಚ್ಚರ ಬೇಕು. ಲಿಪಾರಿಸ್ ಎಂದು ಒಂದೇ ಪದ ಹಾಕಿದರೆ ಕಡಲ ಮೀನೂ ಬರುತ್ತದೆ, ಆರ್ಕಿಡ್ ಹೂವೂ ಬರುತ್ತದೆ. ಪ್ರಾಣಿಗಳ ನಿಯಮಾವಳಿ ಬೇರೆ, ಸಸ್ಯಗಳದ್ದು ಬೇರೆ. ಹಾಗಾಗಿ ಒಂದೇ ಹೆಸರು ಎರಡು ಕಡೆ ಇರಬಹುದು. ಎರಡಕ್ಕೂ ಮೂಲ ನುಣುಪು, ಜಿಡ್ಡು ಎನ್ನುವ ಗ್ರೀಕ್ ಪದವೇ. ಮೀನಿನ ಮೈಗೂ ಸರಿ, ಎಲೆಯ ಹೊಳಪಿಗೂ ಸರಿ. ಪ್ರಭೇದದ ಹೆಸರು ಸೇರಿಸಿ ಹುಡುಕಿದರೆ ಈ ಗೋಜಲು ಇರುವುದಿಲ್ಲ.

ಕೊನೆಗೆ ಆವರಣ ಚಿಹ್ನೆ. ಮ್ಯಾಕ್ರೋಪಿನ್ನಾ ಮೈಕ್ರೋಸ್ಟೋಮಾ ಮುಂದೆ ಚಾಪ್ಮನ್, 1939 ಎಂದು ಬರಿದಾಗಿ ಇರುತ್ತದೆ. ಗ್ರಲೇಟರ್ ಮುಂದೆ ಮಾತ್ರ (ಗುಡ್ ಮತ್ತು ಬೀನ್, 1886) ಎಂದು ಆವರಣದೊಳಗೆ. ಮಕ್ಕಳು ಇದನ್ನು ಸುಮ್ನೆ ಅಲಂಕಾರ ಅಂದುಕೊಂಡಿದ್ದರು. ಆವರಣ ಇದ್ದರೆ ಆ ಪ್ರಭೇದ ಮೊದಲು ಬೇರೆ ಕುಲದಲ್ಲಿತ್ತು ಎಂದು ಅರ್ಥ. ಗುಡ್ ಮತ್ತು ಬೀನ್ ಇದನ್ನು ಬೆಂಥೋಸಾರಸ್ ಗ್ರಲೇಟರ್ ಎಂದು ಕರೆದಿದ್ದರು, ಕಡಲ ತಳದ ಹಲ್ಲಿ ಎಂದು. ಹಳೆಯ ಪುಸ್ತಕಗಳಲ್ಲಿ ಈ ಮೀನನ್ನು ಹುಡುಕುವವರು ಆ ಹೆಸರನ್ನೂ ಹಾಕಿ ನೋಡಬೇಕು.