ಬ್ಯಾಂಕ್ ನೋಟಿಸ್ ಬಂದರೆ ಮೊದಲು ತಾರೀಖು ನೋಡಿ

ಬಳ್ಳಾರಿಯಲ್ಲಿ ಮನೆ ಅಡವಿಟ್ಟು ಜೀನ್ಸ್ ಹೊಲಿಯುವ ಯೂನಿಟ್‌ಗೆ ಸಾಲ ತೆಗೆದಿದ್ದೀರಿ, ಕಂತು ನಿಂತು 90 ದಿನ ದಾಟಿತು, ಖಾತೆ ಎನ್‌ಪಿಎ (ಕೆಟ್ಟ ಸಾಲ) ಆಯಿತು, ಕೋರ್ಟಿಗೆ ಹೋಗದೆಯೇ ಅಡವಿನ ಆಸ್ತಿ ಹಿಡಿದು ಮಾರಲು ಬ್ಯಾಂಕಿಗೆ ಅಧಿಕಾರ ಕೊಡುವ ಸರ್ಫೇಸಿ ಕಾಯ್ದೆಯ ನೋಟಿಸ್ ಬಂತು ಅಂತ ಇಟ್ಟುಕೊಳ್ಳಿ. ಪೋಸ್ಟ್‌ಮ್ಯಾನ್ ತಂದ ಕವರನ್ನು ತಗೊಳ್ಳದೆ ವಾಪಸ್ ಕಳಿಸುವವರು ಬಹಳ. ಸುಮ್ನೆ ಅದು. ಬ್ಯಾಂಕಿನವರು ಬಾಗಿಲಿಗೆ ಅಂಟಿಸಿ, ಪೇಪರ್‌ನಲ್ಲಿ ಹಾಕಿಸಿ ಮುಂದೆ ಹೋಗುತ್ತಾರೆ.

ತಗೊಳ್ಳಿ, ಓದಿ. ಇದು ಕಾಯ್ದೆಯ 13(2)ನೇ ಕಲಮಿನ, ಅಂದರೆ ಬಾಕಿ ಕಟ್ಟಿ ಅನ್ನುವ ನೋಟಿಸ್ ಆಗಿದ್ದರೆ ಹಣ ಕಟ್ಟಲು 60 ದಿನ ಇರುತ್ತದೆ. ಅಷ್ಟರೊಳಗೆ ತಕರಾರು ಬರೆದು ಕೊಡಿ: ಕಟ್ಟಿದ ಯಾವ ಕಂತು ಲೆಕ್ಕಕ್ಕೆ ಬಂದಿಲ್ಲ, ಬಡ್ಡಿ ಎಲ್ಲಿ ಜಾಸ್ತಿ ಹಾಕಿದ್ದಾರೆ, ಸರ್ವೆ ನಂಬರ್, ಚಕ್ಕುಬಂದಿ ಸರಿ ಇದೆಯಾ. ಬ್ರಾಂಚ್‌ನಲ್ಲಿ ಕೊಟ್ಟರೆ ನಿಮ್ಮ ಪ್ರತಿಯ ಮೇಲೆ ಸೀಲ್ ಹಾಕಿಸಿಕೊಳ್ಳಿ. ಬ್ಯಾಂಕ್ ಒಪ್ಪದಿದ್ದರೆ 15 ದಿನದಲ್ಲಿ ಕಾರಣ ಹೇಳಿ ಉತ್ತರಿಸಬೇಕು. ಆ ಉತ್ತರದ ಮೇಲೆ ಕೇಸ್ ಹಾಕಲು ಬರುವುದಿಲ್ಲ, ಆದರೆ ಮುಂದೆ ನಿಮ್ಮ ಕೈಯಲ್ಲಿರುವ ಮುಖ್ಯ ಕಾಗದ ಇದೇ.

ಅಡವಿಟ್ಟಿದ್ದು ಕೃಷಿ ಜಮೀನಾ? ಹಾಗಾದರೆ ಸರ್ಫೇಸಿ ಅದಕ್ಕೆ ಅನ್ವಯಿಸುವುದೇ ಇಲ್ಲ. ಆದರೆ ಪಹಣಿ ತೋರಿಸಿದರೆ ಮುಗಿಯಿತು ಅಂದುಕೊಳ್ಳಬೇಡಿ, ಅಲ್ಲಿ ನಿಜಕ್ಕೂ ಬೆಳೆ ಇದೆಯಾ ಅಂತ ನೋಡಬೇಕು ಎಂದು ಸುಪ್ರೀಂ ಕೋರ್ಟ್ 2018ರಲ್ಲಿ ಹೇಳಿದೆ. ಸಿರುಗುಪ್ಪದ ಕಡೆ ಭತ್ತ ಬೆಳೆಯುವ ಗದ್ದೆಗೆ ಈ ವಾದ ನಿಲ್ಲುತ್ತದೆ, ಎನ್ಎ (ಕೃಷಿಯೇತರ) ಮಾಡಿಸಿ ಗೋಡೌನ್ ಕಟ್ಟಿದ ಜಾಗಕ್ಕೆ ನಿಲ್ಲುವುದು ಕಷ್ಟ.

ಬ್ಯಾಂಕ್ 13(4)ರಡಿ ಸ್ವಾಧೀನದ ನೋಟಿಸ್ ಹಚ್ಚಿದ ಮೇಲೆಯೇ ಕೋರ್ಟಿನ ಬಾಗಿಲು ತೆರೆಯುವುದು. ಅಲ್ಲಿಂದ 45 ದಿನದೊಳಗೆ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ ಅರ್ಜಿ ಹಾಕಬೇಕು. ಬಾಗಿಲ ಮೇಲಿನ ನೋಟಿಸನ್ನು ತಾರೀಖು ಕಾಣುವ ಹಾಗೆ ಫೋಟೋ ತೆಗೆದಿಡಿ, ಹರಿದು ಬಿಸಾಕಬೇಡಿ. ಊರಿನ ಸಿವಿಲ್ ಕೋರ್ಟಲ್ಲೇ ಸ್ಟೇ ತರೋಣ ಅನ್ನುವವರ ಮಾತು ಕೇಳಿ ದುಡ್ಡು ಕಳೆಯಬೇಡಿ, ಕಾಯ್ದೆಯ 34ನೇ ಕಲಮು ಆ ದಾರಿ ಮುಚ್ಚಿದೆ. ಧಾರವಾಡ ಹೈಕೋರ್ಟ್ ಪೀಠಕ್ಕೆ ರಿಟ್ ಹಾಕಿದರೂ ಸಾಮಾನ್ಯವಾಗಿ ಡಿಆರ್‌ಟಿಗೆ ಹೋಗಿ ಅಂತಲೇ ಹೇಳುತ್ತಾರೆ.

ಡಿಆರ್‌ಟಿಗೆ ಹೋಗಲು ಮೊದಲು ಸಾಲದ 75% ಠೇವಣಿ ಇಡಬೇಕಿತ್ತು, ಅದನ್ನು 2004ರಲ್ಲಿ ಸುಪ್ರೀಂ ಕೋರ್ಟ್ ತೆಗೆದುಹಾಕಿತು. ಆದರೂ ಸ್ಟೇ ಬೇಕಾದರೆ ಒಂದಿಷ್ಟು ಕಟ್ಟಿ ಅನ್ನಬಹುದು, ಬರಿಗೈಲಿ ಹೋಗಬೇಡಿ. ಸೋತರೆ 30 ದಿನದಲ್ಲಿ ಚೆನ್ನೈನ ಮೇಲ್ಮನವಿ ನ್ಯಾಯಮಂಡಳಿ, ಅಲ್ಲಿ ಬಾಕಿಯ ಅರ್ಧ ಕಟ್ಟಬೇಕು, ಬಹಳ ಕೇಳಿಕೊಂಡರೆ ಕಾಲು ಭಾಗಕ್ಕೆ ಇಳಿಸಬಹುದು.

ಹರಾಜಿನ ದಿನ ದುಡ್ಡು ತಂದು ಬಿಡಿಸಿಕೊಳ್ಳೋಣ ಅನ್ನುವ ಲೆಕ್ಕ ಈಗ ನಡೆಯುವುದಿಲ್ಲ. 2016ರ ತಿದ್ದುಪಡಿ ಆದ ಮೇಲೆ, ಹರಾಜಿನ ಪ್ರಕಟಣೆ ಹೊರಬೀಳುವ ಮೊದಲೇ ಪೂರ್ತಿ ಬಾಕಿ ಕಟ್ಟಬೇಕು. ಮ್ಯಾನೇಜರ್ ಜೊತೆ ಒನ್ ಟೈಮ್ ಸೆಟ್ಲ್‌ಮೆಂಟ್ ಮಾತಾಡಿ, ತಪ್ಪಿಲ್ಲ. ಆದರೆ ಬರಹದಲ್ಲಿ ಕೊಡಲಿ, ಮತ್ತು ಮಾತುಕತೆ ನಡೀತಿದೆ ಅಂತ ಆ 45 ದಿನ ನಿಲ್ಲುವುದಿಲ್ಲ.