ಮಾರ್ಕೆಟ್ ಸ್ಟ್ರೀಟ್ ಜನ ನಿಧಾನವಾಗಿ ನಡೆದಾಗ

ಹಳೆಯ ಮೂಕಿ ಚಿತ್ರ ಅಂದ್ರೆ ಜನ ಕೀಲಿ ಕೊಟ್ಟ ಬೊಂಬೆಗಳ ಹಾಗೆ ಓಡ್ತಾರೆ ಅಂತಲೇ ಅಂದುಕೊಂಡಿದ್ದೆ. ‘ಎ ಟ್ರಿಪ್ ಡೌನ್ ಮಾರ್ಕೆಟ್ ಸ್ಟ್ರೀಟ್’ ಚಿತ್ರವನ್ನು ಸರಿಪಡಿಸಲು ಕೈಗೆತ್ತಿಕೊಂಡ ಮೇಲೆ ಗೊತ್ತಾಯಿತು, ನಾವು ಓಡಿಸುವ ವೇಗವೇ ತಪ್ಪು ಅಂತ.

ಮೈಲ್ಸ್ ಸಹೋದರರು ಸ್ಯಾನ್‌ಫ್ರಾನ್ಸಿಸ್ಕೋದಲ್ಲಿ ಕೇಬಲ್ ಕಾರಿನ (ರಸ್ತೆಯ ಹಳಿ ಮೇಲೆ ಓಡುವ, ಕೇಬಲ್ ಎಳೆಯುವ ಟ್ರಾಮ್) ಮುಂದೆ ಕ್ಯಾಮೆರಾ ಕೂರಿಸಿ ತೆಗೆದ ಚಿತ್ರ ಇದು. ಸುಮಾರು 13 ನಿಮಿಷ. ಬಹಳ ಕಾಲ ಇದನ್ನು 1905ರದ್ದು ಅನ್ನುತ್ತಿದ್ದರು. ರಸ್ತೆಯಲ್ಲಿ ನಿಂತ ನೀರು, ಕಾರಿನ ನಂಬರ್ ಪ್ಲೇಟು ಇಂಥವನ್ನೇ ಹಿಡಿದು ಇತಿಹಾಸಕಾರ ಡೇವಿಡ್ ಕೀನ್, 1906ರ ಏಪ್ರಿಲ್ 18ರ ಭೂಕಂಪಕ್ಕೆ ಕೆಲವೇ ದಿನ ಮುಂಚಿನದು ಅಂತ ತೋರಿಸಿದರು.

ಹಳೆಯ ಚಿತ್ರಗಳನ್ನು ಕೂಡಿಟ್ಟಿರುವ ಜಾಲತಾಣ ಇಂಟರ್ನೆಟ್ ಆರ್ಕೈವ್‌ನಿಂದ ಇಳಿಸಿಕೊಂಡು, ಮೊದಲು ಎಐ ಟೂಲ್ ಒಂದಕ್ಕೆ ಹಾಕಿ ಬಣ್ಣ ತುಂಬಿಸಿದೆ. ಚೆನ್ನಾಗಿಯೇ ಕಂಡಿತು. ನಿಲ್ಲಿಸಿ ನೋಡಿದರೆ, ಪೇಪರ್ ಮಾರುವ ಹುಡುಗನ ಕಂಕುಳಲ್ಲಿದ್ದ ಕಟ್ಟು ಕೋಟಿನೊಳಗೆ ಕರಗಿಹೋಗಿದೆ. ಮುಖ ಬೇರೆ ಯಾರದೋ! ಹೊಟ್ಟೆ ಉರಿಯಿತು. ಪೂರ್ತಿ ಅಳಿಸಿದೆ.

ಮತ್ತೆ ಮೊದಲಿಂದ. ನನ್ನ ಫೈಲಿನಲ್ಲಿ ಪ್ರತಿ ಐದು ಫ್ರೇಮಿಗೆ (ಚಲನಚಿತ್ರವಾಗುವ ಬಿಡಿ ಚಿತ್ರ) ಒಂದು, ಹಿಂದಿನದರ ನಕಲು. ಸೆಕೆಂಡಿಗೆ 24 ಫ್ರೇಮಿರುವುದನ್ನು 30ಕ್ಕೆ ಹಿಗ್ಗಿಸಿದರೆ ಹೀಗಾಗುತ್ತೆ. ಎಫ್‌ಎಫ್‌ಎಂಪೆಗ್ ಅನ್ನುವ ವಿಡಿಯೊ ಸಾಫ್ಟ್‌ವೇರಿನಲ್ಲಿ ಅವನ್ನು ಆರಿಸಿ ತೆಗೆದೆ. ಆಮೇಲೆ ವೇಗ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಲ್ಲೇ ತಿರುಗಿಸುತ್ತಿದ್ದರು, ಸೆಕೆಂಡಿಗೆ ಇಷ್ಟೇ ಫ್ರೇಮು ಅನ್ನುವ ಹಾಗಿಲ್ಲ. ಅದಕ್ಕೆ ನಾನು ಹೆಜ್ಜೆ ಎಣಿಸಿದೆ. ಅವಸರವಿಲ್ಲದೆ ನಡೆಯುವವರು ಸೆಕೆಂಡಿಗೆ ಹೆಚ್ಚುಕಮ್ಮಿ ಎರಡು ಹೆಜ್ಜೆ ಇಡ್ತಾರೆ, ಅಲ್ವಾ? ಇಲ್ಲಿ ಮೂರು ಬೀಳುತ್ತಿತ್ತು. 24ನ್ನು 16ಕ್ಕೆ ಇಳಿಸಿದೆ. ನಡಿಗೆ ನಡಿಗೆಯಾಯಿತು.

ಆಮೇಲೆ ಎಷ್ಟೊಂದು ಕಂಡಿತು! ಕೆಲವು ಮೋಟಾರು ಕಾರುಗಳು ಸುತ್ತು ಹಾಕಿಕೊಂಡು ಮತ್ತೆ ಮತ್ತೆ ಕ್ಯಾಮೆರಾ ಮುಂದೆ ಬರುತ್ತವೆ. ರಸ್ತೆ ಜಾಸ್ತಿ ಗಿಜಿಗುಟ್ಟುವಂತೆ ಕಾಣಲಿ ಅಂತ ಮಾಡಿಸಿರಬೇಕು. ಹುಡುಗರು ಗಾಡಿಯ ಹಿಂಭಾಗ ಹಿಡಿದು ನೇತಾಡುತ್ತಾ ನಮ್ಮ ಕಡೆಯೇ ನೋಡುತ್ತಾರೆ.

ಗೀರು, ಚುಕ್ಕೆಗಳನ್ನು ಹಾಗೇ ಬಿಟ್ಟಿದ್ದೇನೆ. ಹಿನ್ನೆಲೆಗೆ ಕುದುರೆ ಗೊರಸಿನ ಸದ್ದೂ ಹಾಕಲಿಲ್ಲ. ಮುಗಿಸಿದ ದಿನ ಅಮ್ಮನಿಗೆ ತೋರಿಸಿದೆ. ಒಬ್ಬ ಹೆಂಗಸು ಲಂಗ ಎತ್ತಿ ಹಿಡಿದು ಹಳಿ ದಾಟುವುದನ್ನು ಕಂಡು, “ಮಳೇಲಿ ನಾವು ಸೀರೆ ನೆರಿಗೆ ಎತ್ಕೊಂಡು ಹೋಗೋ ಹಾಗೇ ಇದೆಯಲ್ಲೋ, ಇನ್ನೊಂದ್ಸಲ ಹಾಕು” ಅಂದಳು.