ಫ್ಯಾಂಟಸಿ ಲೋಕಕ್ಕೊಬ್ಬಳು ಪಾಷಂಡಿ ಗಣಿತಜ್ಞೆ: ಕಟ್ಟುವ ಕ್ರಮ

ಫ್ಯಾಂಟಸಿ ಕಾದಂಬರಿಗಳ ಪಾಷಂಡಿ ಗಣಿತಜ್ಞರು ಬಹುಪಾಲು ಸೋಲುವುದು ಒಂದೇ ಕಾರಣಕ್ಕೆ. ಅವರು ಹೇಳಿದ್ದೇನು ಎಂಬುದೇ ಪುಸ್ತಕದಲ್ಲಿ ಇರುವುದಿಲ್ಲ. ‘ನಿಷಿದ್ಧ ಸಮೀಕರಣ’ ಅಂತಿರುತ್ತದೆ, ಅರ್ಚಕರು ಕೆರಳುತ್ತಾರೆ, ಬೆಂಕಿ ಹಚ್ಚುತ್ತಾರೆ, ಓದುಗರ ಕೈಗೆ ಏನೂ ಸಿಗುವುದಿಲ್ಲ. ಹಾಗಾಗಿ ಹೆಸರು, ವೇಷ, ಬಾಲ್ಯ ಎಲ್ಲಕ್ಕೂ ಮೊದಲು ಒಂದು ಪ್ರಮೇಯ ಆರಿಸಿಕೊಳ್ಳಿ.

ಅದು ನಿಜವಾದದ್ದಾಗಿರಬೇಕು, ಅರ್ಧ ಪುಟದಲ್ಲಿ ಮುಗಿಯಬೇಕು, ಓದುಗರು ಪೆನ್ನು ಹಿಡಿದು ಪರೀಕ್ಷಿಸುವಂತಿರಬೇಕು. ಚೌಕದ ಬಾಹು ಮತ್ತು ಕರ್ಣ ಎರಡನ್ನೂ ಒಂದೇ ಅಳತೆಗೋಲಿನಿಂದ ಶೇಷವಿಲ್ಲದೆ ಅಳೆಯಲಾಗದು ಎಂಬುದು ಒಂದು ಆಯ್ಕೆ. ಸಂಖ್ಯೆಗಳು ಎಷ್ಟಿವೆಯೋ ವರ್ಗಸಂಖ್ಯೆಗಳೂ ಅಷ್ಟೇ ಎಂದು ಗೆಲಿಲಿಯೊ 1638ರಲ್ಲಿ ಎತ್ತಿದ ಒಗಟು ಇನ್ನೊಂದು. ದೇವರು–ವಿಧಿಗಳ ಜಗಳಕ್ಕೆ ಎಲ್ಲಕ್ಕಿಂತ ಚೆನ್ನಾಗಿ ಒದಗುವುದು ಜರ್ಮನ್ ಗಣಿತಜ್ಞ ಗೆಯೊರ್ಗ್ ಕ್ಯಾಂಟರ್ 1891ರಲ್ಲಿ ಕೊಟ್ಟ ಓರೆಸಾಲಿನ ವಾದ. ಇಲ್ಲಿ ಅದನ್ನೇ ಬಳಸೋಣ.

ಈಗ ಆ ಪ್ರಮೇಯ ನೇರವಾಗಿ ಮುರಿಯುವಂಥ ಧರ್ಮಸಿದ್ಧಾಂತವನ್ನು ಮೂರು ವಾಕ್ಯಗಳಲ್ಲಿ ಬರೆಯಿರಿ. ಉದಾಹರಣೆಗೆ: ಹುಟ್ಟಬಹುದಾದ ಪ್ರತಿ ಜೀವದ ವಿಧಿಯೂ ಕಪ್ಪು–ಬಿಳಿ ಮಣಿಗಳ ಕೊನೆಯಿಲ್ಲದ ಸರ. ಆ ಸರಗಳೆಲ್ಲ ಒಂದನೆಯದು, ಎರಡನೆಯದು, ಮೂರನೆಯದು ಎಂದು ಕ್ರಮವಾಗಿ ದೇವರ ಕಡತದಲ್ಲಿವೆ. ಕಡತದಲ್ಲಿಲ್ಲದ ವಿಧಿಯೇ ಇಲ್ಲ. ಇದರ ಮೇಲೆ ಯಾರ ಅನ್ನ ನಿಂತಿದೆ ಎಂಬುದನ್ನೂ ಬರೆದಿಟ್ಟುಕೊಳ್ಳಿ. ಮಗು ಹುಟ್ಟಿದಾಗ ಸರದ ಕ್ರಮಸಂಖ್ಯೆ ಹೇಳಿ ಕಾಣಿಕೆ ಪಡೆಯುವವರು, ಆ ಸಂಖ್ಯೆ ನೋಡಿ ಮದುವೆ ಕೂಡಿಸುವವರು, ಅಪರಾಧಿಯ ಸಂಖ್ಯೆ ಹುಡುಕಿ ಶಿಕ್ಷೆ ಬರೆಯುವವರು.

ನಮ್ಮ ಗಣಿತಜ್ಞೆ ಕಡತದ ಮೊದಲ ನಾಲ್ಕು ಸಾಲು ತೆಗೆಯುತ್ತಾಳೆ (ಕ ಎಂದರೆ ಕಪ್ಪು, ಬಿ ಎಂದರೆ ಬಿಳಿ):

1. ಕ ಕ ಬಿ ಕ …
2. ಬಿ ಕ ಬಿ ಬಿ …
3. ಬಿ ಬಿ ಬಿ ಕ …
4. ಕ ಬಿ ಕ ಬಿ …

ಮೊದಲ ಸಾಲಿನ ಮೊದಲ ಮಣಿ, ಎರಡನೆಯದರ ಎರಡನೆಯ ಮಣಿ, ಹೀಗೆ ಓರೆಯಾಗಿ ಇಳಿದರೆ ಕ ಕ ಬಿ ಬಿ ಸಿಗುತ್ತದೆ. ಒಂದೊಂದನ್ನೂ ತಿರುವುಮುರುವು ಮಾಡಿದರೆ, ಅಂದರೆ ಕಪ್ಪಿದ್ದಲ್ಲಿ ಬಿಳಿ, ಬಿಳಿಯಿದ್ದಲ್ಲಿ ಕಪ್ಪು ಇಟ್ಟರೆ, ಬಿ ಬಿ ಕ ಕ. ಹೀಗೇ ಮುಂದುವರಿದು ಬರುವ ಹೊಸ ಸರ ಒಂದನೆಯ ಸಾಲಿಗಿಂತ ಒಂದನೆಯ ಮಣಿಯಲ್ಲಿ, ನೂರನೆಯದಕ್ಕಿಂತ ನೂರನೆಯ ಮಣಿಯಲ್ಲಿ ಬೇರೆ. ಅಂದರೆ ಅದು ಕಡತದಲ್ಲಿ ಎಲ್ಲೂ ಇಲ್ಲ. ಯಾರಾದರೂ ಅರ್ಚಕ ‘ಅದನ್ನೂ ಸೇರಿಸಿಬಿಡೋಣ’ ಎಂದರೆ, ಸೇರಿಸಿದ ಕಡತದಿಂದಲೂ ಅದೇ ಕ್ರಮದಲ್ಲಿ ಮತ್ತೊಂದು ಸರ ಹೊರಬೀಳುತ್ತದೆ.

ಲೇಖಕರು ಇಲ್ಲಿ ಸಾಮಾನ್ಯವಾಗಿ ಎಡವುವುದು ಸರದ ಉದ್ದದಲ್ಲಿ. ವಿಧಿಗೆ ಮಿತಿ ಹಾಕಿ ಸರವನ್ನು ನಾಲ್ಕೇ ಮಣಿಗೆ ನಿಲ್ಲಿಸಿದರೆ ಸಾಧ್ಯವಿರುವ ಸರಗಳು ಒಟ್ಟು 16. ಹದಿನಾರನ್ನೂ ಬರೆದ ಕಡತ ಪೂರ್ಣ. ಓರೆಸಾಲು ಮೊದಲ ನಾಲ್ಕು ಸಾಲಿಗೇ ನಿಂತು, ಅದರಿಂದ ಬಂದ ಸರ ಉಳಿದ 12ರಲ್ಲಿ ಒಂದಾಗಿಬಿಡುತ್ತದೆ. ವಾದ ಕುಸಿಯಿತು. ಸರಕ್ಕೂ ಕೊನೆ ಇರಕೂಡದು, ಕಡತಕ್ಕೂ ಕೊನೆ ಇರಕೂಡದು.

ಎದುರಾಳಿಗೂ ಬುದ್ಧಿ ಕೊಡಿ. ಜಾಣ ಅರ್ಚಕ ಲೆಕ್ಕದಲ್ಲಿ ತಪ್ಪು ಹುಡುಕುವುದಿಲ್ಲ. ‘ದೇವರ ಕಡತಕ್ಕೆ ಒಂದು, ಎರಡು ಎಂಬ ಕ್ರಮವೇ ಇಲ್ಲ’ ಎನ್ನುತ್ತಾನೆ. ಅದು ನಿಜಕ್ಕೂ ಸರಿಯಾದ ಉತ್ತರ, ಕ್ರಮದ ಮಾತು ಬಿಟ್ಟರೂ ‘ಕಡತದಲ್ಲಿಲ್ಲದ ವಿಧಿಯೇ ಇಲ್ಲ’ ಎಂಬುದು ಉಳಿಯುತ್ತದೆ. ಆದರೆ ಕ್ರಮವಿಲ್ಲದಿದ್ದರೆ ಕ್ರಮಸಂಖ್ಯೆ ಹೇಳಿ ಕಾಣಿಕೆ ಪಡೆಯುವುದು ಹೇಗೆ? ದೇವರನ್ನು ಉಳಿಸಿಕೊಂಡರೆ ಕಸುಬು ಹೋಗುತ್ತದೆ. ಕಾದಂಬರಿಯ ಮುಖ್ಯ ದೃಶ್ಯ ಇದೇ ಆಗಲಿ, ಚಿತೆಯಲ್ಲ.

ಆರೋಪಪಟ್ಟಿ ಬರೆಯುವಾಗ ಇತಿಹಾಸದ ಕಡೆ ಒಮ್ಮೆ ನೋಡಿ. 1600ರಲ್ಲಿ ರೋಮಿನಲ್ಲಿ ಸುಟ್ಟ ಇಟಲಿಯ ಚಿಂತಕ ಜೊರ್ಡಾನೊ ಬ್ರೂನೊ ಮೇಲಿದ್ದದ್ದು ಅನೇಕ ವಿಶ್ವಗಳಿವೆ ಎಂದ ಆರೋಪವೊಂದೇ ಅಲ್ಲ, ಕ್ರಿಸ್ತನ ದೈವತ್ವದಂಥ ಶುದ್ಧ ಮತವಿಚಾರಗಳೂ ಇದ್ದವು. 1632ರಲ್ಲಿ ಕ್ಯಾಥೊಲಿಕ್ ಸನ್ಯಾಸಿ ಸಂಘವಾದ ಜೆಸ್ಯೂಟರು ತಮ್ಮ ಶಾಲೆಗಳಲ್ಲಿ ನಿಷೇಧಿಸಿದ್ದು ‘ರೇಖೆ ಅವಿಭಾಜ್ಯ ಬಿಂದುಗಳಿಂದ ಆಗಿದೆ’ ಎಂಬಷ್ಟು ಸಪ್ಪೆಯಾಗಿ ಕೇಳಿಸುವ ಮಾತನ್ನು. ಸ್ವತಃ ಕ್ಯಾಂಟರ್ ದೈವಭಕ್ತ. ತನ್ನ ಅನಂತಗಳು ದೇವರ ಅನಂತವನ್ನು ಮುಟ್ಟುವುದಿಲ್ಲ ಎಂದು ಕಾರ್ಡಿನಲ್ ಫ್ರಾಂಟ್ಸೆಲಿನ್ ಅವರಿಗೆ ಪತ್ರ ಬರೆದು ವಿವರಿಸಿದವರು. ನಿಮ್ಮ ಪಾಷಂಡಿಯೂ ಗುಡಿಯಲ್ಲೇ ಕಲಿತವಳಾಗಿರಲಿ, ದೇವರನ್ನು ನಂಬುವವಳಾಗಿರಲಿ. ಹೊರಗಿನವಳಾದರೆ ಅವಳು ಬರೀ ಶತ್ರು, ಪಾಷಂಡಿಯಲ್ಲ.

ಭಾಷೆಯಲ್ಲಿ ಸೆಟ್, ಫಂಕ್ಷನ್ ಬೇಡ. ಎಣಿಕೆ, ಜೋಡಿ, ಸಾಲು, ಓರೆ ಇಷ್ಟರಲ್ಲೇ ಇಡೀ ವಾದ ಹೇಳಬಹುದು. ಇನ್ನೂ ಬೇಕೆಂದರೆ ಜೈನ ಗಣಿತದಲ್ಲಿ ಸಂಖ್ಯಾತ, ಅಸಂಖ್ಯಾತ, ಅನಂತ ಎಂಬ ಮೂರು ವರ್ಗಗಳು ಸಿದ್ಧವಾಗಿವೆ. ಮಾತಿನ ಧಾಟಿಗೆ ಮಹಾವೀರಾಚಾರ್ಯರ ‘ಗಣಿತಸಾರಸಂಗ್ರಹ’ ನೋಡಿ. ಅಮೋಘವರ್ಷ ನೃಪತುಂಗನ ಕಾಲದ ಕೃತಿ, ಸಂಸ್ಕೃತದ್ದು. ಹರಿದ ಮುತ್ತಿನ ಹಾರವೂ ಅಲ್ಲಿ ಲೆಕ್ಕವಾಗುತ್ತದೆ. ನಿಮ್ಮ ಲೋಕದ ಪಾಠಗಳಿಗೂ ಅಂಥ ಪದ್ಯರೂಪ ಕೊಟ್ಟರೆ ಬಾಯಿಪಾಠದ ಗುಡಿಶಾಲೆ ತಾನಾಗಿ ಕಣ್ಣಿಗೆ ಕಟ್ಟುತ್ತದೆ.

ಅವಳ ಗ್ರಂಥವನ್ನು ಪೂರ್ತಿ ಬರೆಯಲು ಹೋಗಬೇಡಿ. ಭೂಮಿ ತಿರುಗುತ್ತದೆ ಎಂದ ಆರ್ಯಭಟನ ಮಾತನ್ನು ಬ್ರಹ್ಮಗುಪ್ತ 628ರ ತನ್ನ ಗ್ರಂಥದಲ್ಲಿ ಎತ್ತಿಕೊಂಡು ಖಂಡಿಸಿದ. ಹಾಗೆ ಖಂಡನೆಯೂ ಒಂದು ದಾಖಲೆಯೇ. 150 ಪದಗಳ ಒಂದು ಖಂಡನೆ ಬರೆಯಿರಿ, ಅವಳ ಎರಡು ವಾಕ್ಯ ಅದರೊಳಗೆ ಇರಲಿ. ಜೊತೆಗೆ ಶಿಷ್ಯನೊಬ್ಬನ ಟಿಪ್ಪಣಿ ಇಡಿ. ಅದರಲ್ಲಿ ಮಣಿ ತಿರುವುಹಾಕುವ ಹೆಜ್ಜೆಯೊಂದೇ ಬಿಟ್ಟುಹೋಗಿರಲಿ. ತಿರುವಿಹಾಕದ ಓರೆಸಾಲು ಕಡತದಲ್ಲಿ ಇದ್ದರೂ ಇರಬಹುದು, ಆದ್ದರಿಂದ ಆ ಟಿಪ್ಪಣಿ ನಂಬಿದವರು ಅವಳು ಸೋತಳೆಂದೇ ತಿಳಿಯುತ್ತಾರೆ. ಎರಡೂ ಪಠ್ಯ ಕೈಗೆ ಸಿಕ್ಕ ಓದುಗ ಮಾತ್ರ ಬಿಟ್ಟ ಹೆಜ್ಜೆಯನ್ನು ತಾನೇ ತುಂಬಬಲ್ಲ.